ಎರಡು ಹಳೆಯ ಟ್ಯೂನರ್‌ಗಳ ನಡುವೆ ನಾಲ್ಕು ಸೆಂಟ್ ವ್ಯತ್ಯಾಸ: ಯಾವುದನ್ನು ನಂಬುವುದು?

ಆರುತಂತಿ:

ನನ್ನ ಬಳಿ ವಾದ್ಯದ ಶ್ರುತಿ ನೋಡುವ ಎರಡು ಹಳೆಯ ಎಲೆಕ್ಟ್ರಾನಿಕ್ ಟ್ಯೂನರ್‌ಗಳಿವೆ. ಒಂದು, ವಾಲ್ವ್‌ಗಳ ಕಾಲದ್ದು, ಒಂದೇ ತಟ್ಟೆ ತಿರುಗುವ ಸ್ಟ್ರೋಬ್ ಟ್ಯೂನರ್; ಸ್ವರ ಸರಿಯಾಗಿ ಹೊಂದಿದಾಗ ಅದರ ತಟ್ಟೆಯ ಪಟ್ಟೆಗಳು ಮಿನುಗುವ ಬೆಳಕಿನಲ್ಲಿ ನಿಂತಂತೆ ಕಾಣುತ್ತವೆ. ಇನ್ನೊಂದು, ಅದಕ್ಕಿಂತ ಬಹಳ ವರ್ಷ ಈಚಿನದು, 9 ವೋಲ್ಟ್ ಬ್ಯಾಟರಿಯಿಂದ ನಡೆಯುವ ಮುಳ್ಳಿನ ಟ್ಯೂನರ್. ಗಿಟಾರಿನ ಐದನೆಯ ತಂತಿಯನ್ನು, ಮುಳ್ಳು ನಡುಗೆರೆಯ ಮೇಲೆ ಬಂದು ನಿಲ್ಲುವವರೆಗೆ ಬಿಗಿಮಾಡಿ, ಅದೇ ತಂತಿಯನ್ನು ಸ್ಟ್ರೋಬ್ ಯಂತ್ರಕ್ಕೆ ಕೇಳಿಸಿದರೆ ತಟ್ಟೆಯ ಪಟ್ಟೆಗಳು ನಿಲ್ಲದೆ ಬಲಕ್ಕೆ ಸರಿಯುತ್ತವೆ. ಅಂದರೆ ಶ್ರುತಿ ಏರಿದೆ ಎಂದು ಆ ಯಂತ್ರದ ಅಭಿಪ್ರಾಯ. ಸೆಂಟ್ (ಹನ್ನೆರಡು ಅರ್ಧಸ್ವರಗಳಲ್ಲಿ ನೆರೆಯ ಎರಡರ ಅಂತರದ ನೂರನೆಯ ಒಂದು ಭಾಗ) ಗುಂಡಿಯನ್ನು ತಿರುಗಿಸಿ ಪಟ್ಟೆಗಳನ್ನು ನಿಲ್ಲಿಸಿ ನೋಡಿದಾಗ ವ್ಯತ್ಯಾಸ 4 ಸೆಂಟ್‌ಗಿಂತ ಸ್ವಲ್ಪ ಹೆಚ್ಚು ಎಂದು ತೋರಿತು.

ಸ್ಟ್ರೋಬ್ ಯಂತ್ರಕ್ಕೆ ಹೆಚ್ಚು ವಯಸ್ಸಾಗಿರುವುದರಿಂದ ತಪ್ಪು ಅದರದ್ದೇ ಇರಬೇಕೆಂದು ಊಹಿಸಿದ್ದೇನೆ. ಆದರೂ ಅದರ ಒಳಗೆ ಕೈಹಾಕಿ ತಿರುಪು ತಿರುಗಿಸುವ ಮೊದಲು ಬಲ್ಲವರನ್ನು ಕೇಳುವುದು ಲೇಸೆನಿಸಿತು. ಎರಡೂ ಯಂತ್ರಗಳನ್ನು ಮುಂದೆಯೂ ಬಳಸಬೇಕೆಂಬುದು ನನ್ನ ಆಸೆ. ಬರಿಯ ನೋಟಕ್ಕೆ ಇಟ್ಟುಕೊಂಡವಲ್ಲ.

ಬೆಸುಗೆಕಡ್ಡಿ:

ದಯವಿಟ್ಟು ಒಳಗಿನ ಯಾವ ತಿರುಪನ್ನೂ ಈಗಲೇ ಮುಟ್ಟಬೇಡಿ. ಒಂದು ತಂತಿಯ ಅಳತೆಯಿಂದ ಏನನ್ನೂ ತೀರ್ಮಾನಿಸಲಾಗದು. ಮೊದಲು ಸ್ಟ್ರೋಬ್ ಯಂತ್ರವನ್ನು ಅರ್ಧ ಗಂಟೆ ಚಾಲೂ ಇಟ್ಟು ಬೆಚ್ಚಗಾಗಲು ಬಿಡಿ. ಆಮೇಲೆ ಆರೂ ತಂತಿಗಳನ್ನು ಮುಳ್ಳಿನ ಟ್ಯೂನರ್‌ಗೆ ಸರಿಯಾಗಿ ಹೊಂದಿಸಿ, ಒಂದೊಂದನ್ನೂ ಸ್ಟ್ರೋಬ್‌ನಲ್ಲಿ ಅಳೆದು ಬರೆದಿಟ್ಟುಕೊಳ್ಳಿ. ತಂತಿಯನ್ನು ಮೆಲ್ಲಗೆ ಮೀಟಿ, ಒಂದು ಕ್ಷಣ ಬಿಟ್ಟು ಓದಿ. ಜೋರಾಗಿ ಮೀಟಿದ ತಂತಿಯ ಬಿಗಿತ ಆ ಗಳಿಗೆಯಲ್ಲಿ ಹೆಚ್ಚುವುದರಿಂದ ಸ್ವರ ಮೊದಲು ಏರಿ ಕ್ರಮೇಣ ಇಳಿಯುತ್ತದೆ. ಮುಳ್ಳು ನಿಧಾನವಾಗಿ ಚಲಿಸುವ ಕಾರಣ ಈ ಏರಿಳಿತವನ್ನು ನುಂಗಿಕೊಳ್ಳುತ್ತದೆ, ಸ್ಟ್ರೋಬ್ ತಟ್ಟೆ ಅದನ್ನು ಇದ್ದಂತೆಯೇ ತೋರಿಸುತ್ತದೆ. ಎರಡು ಯಂತ್ರಗಳು ಜಗಳವಾಡುತ್ತಿವೆ ಎಂದು ನಮಗೆ ಅನಿಸುವ ಸಂದರ್ಭಗಳಲ್ಲಿ ಅರ್ಧದಷ್ಟು ಇದೇ ಕಾರಣಕ್ಕೆ ಹುಟ್ಟಿದವು ಎಂಬುದು ನನ್ನ ಅನುಭವ.

ವ್ಯತ್ಯಾಸ ಎಲ್ಲ ತಂತಿಗಳಲ್ಲೂ ಒಂದೇ ಆಗಿದ್ದರೆ ಎರಡರಲ್ಲಿ ಒಂದರ ಮೂಲ ಆಧಾರಸ್ವರ, ಅಂದರೆ ಉಳಿದೆಲ್ಲ ಸ್ವರಗಳನ್ನು ಅಳೆಯಲು ಅದು ಇಟ್ಟುಕೊಂಡಿರುವ ಸ್ವರ, ಜಾರಿದೆ. ತಂತಿಯಿಂದ ತಂತಿಗೆ ಬದಲಾಗುತ್ತಿದ್ದರೆ ಕಾರಣವನ್ನು ಬೇರೆಡೆ ಹುಡುಕಬೇಕು. ಒಂದೇ ಗಡಿಯಾರ ಸಂಕೇತವನ್ನು (ಸಮ ವೇಗದ ವಿದ್ಯುತ್ ಮಿಡಿತವನ್ನು) ಪೂರ್ಣಸಂಖ್ಯೆಗಳಿಂದ ಭಾಗಿಸಿ ಹನ್ನೆರಡು ಸ್ವರಗಳನ್ನು ಪಡೆಯುವ ವಿದ್ಯುನ್ಮಂಡಲಗಳಲ್ಲಿ ಇಂಥ ಸಣ್ಣ ಏರುಪೇರು ಹುಟ್ಟಿನಿಂದಲೇ ಇರುತ್ತದೆ. ಎಲೆಕ್ಟ್ರಾನಿಕ್ ಆರ್ಗನ್‌ಗಳಿಗಾಗಿ ಬಂದ ಚಿಪ್‌ಗಳಲ್ಲಿ ನೆರೆಯ ಎರಡು ಸ್ವರಗಳಿಗೆ 239 ಮತ್ತು 253 ಎಂಬ ಭಾಜಕಗಳನ್ನು ಬಳಸುತ್ತಿದ್ದರು. ಅವುಗಳ ಅನುಪಾತ 1.0586, ಬೇಕಾದದ್ದು 1.0595. ಅಲ್ಲಿಯೇ ಸುಮಾರು ಒಂದೂವರೆ ಸೆಂಟ್ ಕೊರತೆ ಬೀಳುತ್ತದೆ. ಇದು ಕೆಟ್ಟುಹೋದದ್ದಲ್ಲ, ವಿನ್ಯಾಸವೇ ಹಾಗೆ. ದುರಸ್ತಿ ಮಾಡುವುದಕ್ಕೆ ಅಲ್ಲಿ ಏನೂ ಇರುವುದಿಲ್ಲ.

ನೇರನುಡಿ:

ಯಾರ ಮನಸ್ಸನ್ನೂ ನೋಯಿಸುವ ಉದ್ದೇಶವಿಲ್ಲದೆ ಒಂದು ಮಾತು ಹೇಳುತ್ತೇನೆ. ಇಂದಿನ ಫೋನಿನ ಒಳಗಿರುವ ಕ್ವಾರ್ಟ್ಜ್ ಹರಳು ಹತ್ತು ಲಕ್ಷಕ್ಕೆ 50 ಭಾಗ ತಪ್ಪಿದರೂ ಶ್ರುತಿಯಲ್ಲಿ ಆಗುವ ದೋಷ ಒಂದು ಸೆಂಟ್‌ನ ಹತ್ತನೆಯ ಒಂದು ಭಾಗಕ್ಕಿಂತ ಕಡಿಮೆ. ಕಿವಿಗೆ ತಿಳಿಯುವ ಮಿತಿಯಿಂದ ಅದು ಎಷ್ಟೋ ಕೆಳಗಿದೆ. ಹೀಗಿರುವಾಗ ವಾಲ್ವ್ ಬಿಸಿಯಾಗಲೆಂದು ಅರ್ಧ ಗಂಟೆ ಕಾಯುವ ಯಂತ್ರವನ್ನು ನಿತ್ಯದ ಕೆಲಸಕ್ಕೆ ಏಕೆ ಇಟ್ಟುಕೊಳ್ಳಬೇಕು? ಹಳೆಯದೆಂಬ ಒಂದೇ ಕಾರಣಕ್ಕೆ ಅದನ್ನು ನಿಖರವೆಂದು ಹೊಗಳುವುದು ಸರಿಯಲ್ಲ ಎಂದು ನನಗನಿಸುತ್ತದೆ.

ಶ್ರುತಿಕವೆ:

ನೇರನುಡಿಯವರ ಲೆಕ್ಕ ಸರಿಯಾಗಿಯೇ ಇದೆ, ಅದನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಸ್ಟ್ರೋಬ್ ಯಂತ್ರದ ಬೆಲೆ ಇರುವುದು ಅದರ ಆಧಾರಸ್ವರದ ನಿಖರತೆಯಲ್ಲಿ ಮಾತ್ರವಲ್ಲ, ಅದು ಸ್ವರವನ್ನು ಕಣ್ಣಿಗೆ ಒಪ್ಪಿಸುವ ರೀತಿಯಲ್ಲಿ. ಇದನ್ನು ಸ್ವಲ್ಪ ವಿಸ್ತಾರವಾಗಿ ಹೇಳಲು ಅನುಮತಿ ಕೊಡಿ.

ತಿರುಗುವ ತಟ್ಟೆಯನ್ನು ಮಿನುಗುವ ಬೆಳಕಿನಲ್ಲಿ ನಿಂತಂತೆ ಕಾಣಿಸುವ ತತ್ತ್ವವನ್ನು ಬೆಲ್ಜಿಯಂನ ಜೋಸೆಫ್ ಪ್ಲಾಟೋ ಮತ್ತು ಆಸ್ಟ್ರಿಯಾದ ಸೈಮನ್ ಸ್ಟ್ಯಾಂಪ್‌ಫರ್ 1832ರ ಸುಮಾರಿಗೆ ಒಬ್ಬರಿಗೊಬ್ಬರು ತಿಳಿಯದೆಯೇ ಕಂಡುಕೊಂಡರು. ನೂರು ವರ್ಷಗಳ ಬಳಿಕ, 1930ರ ದಶಕದಲ್ಲಿ, ಅಮೆರಿಕದ ಎಲ್ಕ್‌ಹಾರ್ಟ್‌ನ ಗಾಳಿವಾದ್ಯ ತಯಾರಕರಾದ ಸಿ. ಜಿ. ಕಾನ್ ಕಂಪನಿಯವರು ಅದೇ ತತ್ತ್ವದ ಮೇಲೆ ಸ್ಟ್ರೋಬೊಕಾನ್ ಎಂಬ ಯಂತ್ರವನ್ನು ತಂದರು. ಅದರಲ್ಲಿ ಹನ್ನೆರಡು ಅರ್ಧಸ್ವರಗಳಿಗೆ ಹನ್ನೆರಡು ತಟ್ಟೆಗಳು, ಹನ್ನೆರಡು ಕಿಂಡಿಗಳು ಇದ್ದವು. ತಟ್ಟೆಗಳನ್ನು ತಿರುಗಿಸುವ ಮೋಟಾರಿನ ವೇಗವನ್ನು ಹಿಡಿದಿಡುತ್ತಿದ್ದುದು ಒಂದು ಶ್ರುತಿಕವೆ, ಅಂದರೆ ತಟ್ಟಿದರೆ ಒಂದೇ ಸ್ವರ ಕೊಡುವ ಎರಡು ತೋಳುಗಳ ಲೋಹದ ಕವೆ (ಟ್ಯೂನಿಂಗ್ ಫೋರ್ಕ್). ಆಮೇಲೆ ಬಂದ ಸ್ಟ್ರೋಬೊಟ್ಯೂನರ್‌ನಲ್ಲಿ ಒಂದೇ ತಟ್ಟೆ ಉಳಿಯಿತು, ಸ್ವರವನ್ನು ಗುಂಡಿ ತಿರುಗಿಸಿ ಆರಿಸಿಕೊಳ್ಳಬೇಕಾಯಿತು. ಪೀಟರ್ಸನ್ ಕಂಪನಿಯವರು 1967ರಲ್ಲಿ ತಂದ 400 ಎಂಬ ಮಾದರಿ ಟ್ರಾನ್ಸಿಸ್ಟರ್‌ಗಳದ್ದು. ಮುಳ್ಳಿನ ಟ್ಯೂನರ್ ಅಂಗೈಗೆ ಬಂದದ್ದು ಕಾರ್ಗ್ ಕಂಪನಿಯ ಡಬ್ಲ್ಯುಟಿ-10ರೊಂದಿಗೆ, 1975ರಲ್ಲಿ. ಯಾವ ಸ್ವರ ಎಂಬುದನ್ನು ತಾನೇ ಗುರುತಿಸುವ, ಬಾಸ್ ಕಂಪನಿಯ ಟಿಯು-12 ಬಂದದ್ದು 1983ರಲ್ಲಿ.

ಈಗ ತಟ್ಟೆಯ ವಿಷಯ. ಅದರ ಮೇಲೆ ಒಂದರ ಹೊರಗೊಂದು ಬಳೆಗಳಂತೆ ಕಪ್ಪು-ಬಿಳಿ ಪಟ್ಟೆಗಳ ಸಾಲುಗಳಿರುತ್ತವೆ. ಒಳಗಿನ ಸಾಲಿಗಿಂತ ಅದರ ಹೊರಗಿನ ಸಾಲಿನಲ್ಲಿ ಪಟ್ಟೆಗಳು ಎರಡರಷ್ಟು. ಮೈಕ್ ಹಿಡಿದ ನಾದವೇ ನಿಯಾನ್ ದೀಪವನ್ನು ಮಿನುಗಿಸುವುದರಿಂದ, ಮೂಲಸ್ವರ ಒಂದು ಸಾಲನ್ನು ನಿಲ್ಲಿಸಿದರೆ ಅದರ ಎರಡರಷ್ಟು, ನಾಲ್ಕರಷ್ಟು, ಎಂಟರಷ್ಟು ಆವೃತ್ತಿಯ ಮೇಲುಸ್ವರಗಳು (ಅದೇ ನಾದದೊಳಗೆ ಬೆರೆತಿರುವ ಮೇಲಿನ ಸ್ವರಗಳು) ಹೊರಗಿನ ಸಾಲುಗಳನ್ನು ನಿಲ್ಲಿಸುತ್ತವೆ. ಒಂದೇ ತಂತಿಯ ನಾದ ಎಷ್ಟು ಪದರಗಳಾಗಿದೆ, ಆ ಪದರಗಳು ಪರಸ್ಪರ ಎಷ್ಟು ಹೊಂದಿವೆ ಎಂಬುದು ಒಂದೇ ನೋಟಕ್ಕೆ ಕಾಣುತ್ತದೆ. ಹನ್ನೆರಡು ಕಿಂಡಿಗಳ ಯಂತ್ರದಲ್ಲಾದರೆ ಇನ್ನೂ ಸೊಗಸು. ಪಾಶ್ಚಾತ್ಯ ಸಂಗೀತದ ಎ ಸ್ವರವನ್ನು ನುಡಿಸಿದಾಗ ಅದರ ಮೂರರಷ್ಟು ಆವೃತ್ತಿಯ ಮೇಲುಸ್ವರ ಇ ಸ್ವರದ ಕಿಂಡಿಯಲ್ಲಿ 2 ಸೆಂಟ್ ಏರಿಕೆಯಷ್ಟು ನಿಧಾನವಾಗಿ ಬಲಕ್ಕೆ ಸರಿಯುತ್ತದೆ. ಐದರಷ್ಟು ಆವೃತ್ತಿಯದು ಸಿ ಶಾರ್ಪ್ ಕಿಂಡಿಯಲ್ಲಿ 14 ಸೆಂಟ್ ಇಳಿಕೆಯ ವೇಗದಲ್ಲಿ ಎಡಕ್ಕೆ ಓಡುತ್ತದೆ. ಶುದ್ಧ ಅಂತರಗಳಿಗೂ ಸಮಪಾಲು ಮಾಡಿದ ಹನ್ನೆರಡು ಸ್ವರಗಳಿಗೂ ಇರುವ ಭೇದವನ್ನು ಪುಟಗಟ್ಟಲೆ ಓದಿ ತಿಳಿಯುವುದಕ್ಕಿಂತ ಆ ಎರಡು ಕಿಂಡಿಗಳನ್ನು ಒಂದು ನಿಮಿಷ ನೋಡಿ ತಿಳಿಯುವುದು ಎಷ್ಟೋ ಮೇಲು. ಇದನ್ನು ಮೊದಲ ಸಲ ಕಂಡ ದಿನ ನನಗಾದ ಸಂತೋಷ ಇಂದಿಗೂ ಮಾಸಿಲ್ಲ.

ಆರುತಂತಿಯವರಿಗೆ ಒಂದು ಸೂಚನೆ. 440 ಹರ್ಟ್ಸ್‌ನಲ್ಲಿ (ಸೆಕೆಂಡಿಗೆ 440 ಕಂಪನ) ಒಂದು ಸೆಂಟ್ ಎಂದರೆ ಕಾಲು ಹರ್ಟ್ಸ್. ಆ ಸಾಲಿನ ಪಟ್ಟೆ ತನ್ನ ಪಕ್ಕದ ಪಟ್ಟೆಯ ಸ್ಥಾನಕ್ಕೆ ಬರಲು ಸುಮಾರು 4 ಸೆಕೆಂಡ್ ಹಿಡಿಯುತ್ತದೆ. ನಿಮ್ಮ ಐದನೆಯ ತಂತಿ 110 ಹರ್ಟ್ಸ್‌ನದು, ಅದರ ಮೂಲಸ್ವರದ ಸಾಲಿನಲ್ಲಿ ಅದೇ ಒಂದು ಸೆಂಟ್‌ಗೆ ಸುಮಾರು 16 ಸೆಕೆಂಡ್ ಬೇಕು. ಆದ್ದರಿಂದ ದಪ್ಪ ತಂತಿಗಳಿಗೆ ಹೊರಗಿನ ಸಾಲನ್ನೇ ಓದಿ.

ಪಿಯಾನೊಪೆಟ್ಟಿಗೆ:

ಹೊರಗಿನ ಸಾಲನ್ನು ಓದುವಾಗ ಒಂದು ಎಚ್ಚರಿಕೆ ಇರಲಿ. ಲೋಹದ ತಂತಿಗೆ ತನ್ನದೇ ಆದ ಬಿರುಸು ಇರುವುದರಿಂದ ಅದರ ಮೇಲುಸ್ವರಗಳು ಲೆಕ್ಕದ ಪ್ರಕಾರ ಇರಬೇಕಾದುದಕ್ಕಿಂತ ಕೊಂಚ ಏರಿರುತ್ತವೆ. ಪಿಯಾನೊದಲ್ಲಿ ಇದು ಎದ್ದು ಕಾಣುತ್ತದೆ: ಒಳಸಾಲು ನಿಂತಿದ್ದರೂ ಹೊರಸಾಲು ಬಲಕ್ಕೆ ತೆವಳುತ್ತಲೇ ಇರುತ್ತದೆ. 1938ರಲ್ಲಿ ರೇಲ್ಸ್‌ಬ್ಯಾಕ್ ಎಂಬ ವಿಜ್ಞಾನಿ ಕುಶಲಿಗಳು ಕಿವಿಯಿಂದಲೇ ಶ್ರುತಿ ಮಾಡಿದ ಪಿಯಾನೊಗಳನ್ನು ಸ್ಟ್ರೋಬ್ ಉಪಕರಣದಿಂದ ಅಳೆದು, ಮೇಲಿನ ಸ್ಥಾಯಿಗಳು ಏರುತ್ತಾ ಕೆಳಗಿನವು ಇಳಿಯುತ್ತಾ ಹೋಗುವ ವಕ್ರರೇಖೆಯನ್ನು ಪ್ರಕಟಿಸಿದರು. ಇಂದಿಗೂ ಅದು ಅವರ ಹೆಸರಿನಲ್ಲೇ ಇದೆ. ಆ ಕುಶಲಿಗಳು ತಪ್ಪು ಮಾಡಿರಲಿಲ್ಲ. ಒಂದು ತಂತಿಯ ಮೇಲುಸ್ವರಕ್ಕೆ ಇನ್ನೊಂದು ತಂತಿ ಹೊಂದಬೇಕಾದರೆ ಸ್ಥಾಯಿಯನ್ನು ಹಿಗ್ಗಿಸಲೇಬೇಕು. ಮುಳ್ಳಿನ ಟ್ಯೂನರ್ ಇಟ್ಟುಕೊಂಡು ಎಲ್ಲ ಸ್ವರಗಳನ್ನೂ ನಡುಗೆರೆಗೆ ತಂದು ನಿಲ್ಲಿಸಿದ ಪಿಯಾನೊದ ತುದಿಗಳು ಕಿವಿಗೆ ಮಂಕಾಗಿ ಕೇಳುತ್ತವೆ.

ಗಿಟಾರಿನಲ್ಲಿ ಈ ಪರಿಣಾಮ ಬಹಳ ಕಡಿಮೆ. ಎಲ್ಲ ತಂತಿಗಳಲ್ಲೂ 4 ಸೆಂಟ್ ಬರುವುದಕ್ಕೆ ಇದು ಕಾರಣವಾಗಲಾರದು.

ಬೆಸುಗೆಕಡ್ಡಿ:

ಸುರಕ್ಷತೆಯ ಬಗ್ಗೆ ಮೊದಲೇ ಹೇಳಬೇಕಿತ್ತು, ಈಗ ಸೇರಿಸುತ್ತೇನೆ. ವಾಲ್ವ್ ಯಂತ್ರದ ಒಳಗೆ ನೂರಾರು ವೋಲ್ಟ್ ಇರುತ್ತದೆ. ಪ್ಲಗ್ ಕಿತ್ತ ಮೇಲೂ ಕೆಪಾಸಿಟರ್‌ಗಳು ಅದನ್ನು ಹಿಡಿದಿಟ್ಟುಕೊಂಡಿರಬಹುದು. ಎರಡೇ ಕಡ್ಡಿಯ ಪ್ಲಗ್ ಇರುವ, ಅರ್ಥ್ ತಂತಿ ಇಲ್ಲದ ಯಂತ್ರಗಳಲ್ಲಿ ಲೋಹದ ಪೆಟ್ಟಿಗೆಗೇ ಕರೆಂಟ್ ಸೋರಿರುವ ಸಾಧ್ಯತೆಯಿದೆ. ವರ್ಷಗಟ್ಟಲೆ ಮೂಲೆಯಲ್ಲಿದ್ದ ಯಂತ್ರವನ್ನು ನೇರವಾಗಿ ಪೂರ್ಣ ವೋಲ್ಟೇಜ್‌ಗೆ ಸೇರಿಸಬಾರದು. ಎಲೆಕ್ಟ್ರೊಲಿಟಿಕ್ ಮತ್ತು ಕಾಗದದ ಕೆಪಾಸಿಟರ್‌ಗಳನ್ನು ಬದಲಿಸುವುದು ಮೊದಲ ಕೆಲಸ, ಮೋಟಾರಿನ ಬೇರಿಂಗ್‌ಗೆ ಒಂದು ಹನಿ ತೆಳು ಎಣ್ಣೆ ಎರಡನೆಯದು. ನಿಯಾನ್ ದೀಪದ ಗಾಜು ಒಳಗಿನಿಂದ ಕಪ್ಪಾಗಿದ್ದರೆ ಪಟ್ಟೆಗಳು ಮಸುಕಾಗಿ ಕಾಣುತ್ತವೆಯೇ ಹೊರತು ಅಳತೆ ತಪ್ಪುವುದಿಲ್ಲ. ಈ ಕೆಲಸದ ಅಭ್ಯಾಸವಿಲ್ಲದಿದ್ದರೆ ಮುಚ್ಚಳ ತೆಗೆಯಲೇಬೇಡಿ, ಬಲ್ಲವರ ಕೈಗೆ ಕೊಡಿ.

ಆರುತಂತಿ:

ಎಲ್ಲರಿಗೂ ಧನ್ಯವಾದಗಳು. ನನ್ನ ಯಂತ್ರದ ಕೆಪಾಸಿಟರ್‌ಗಳನ್ನೂ ಪ್ಲಗ್ಗನ್ನೂ ಬಲ್ಲವರೊಬ್ಬರು ಈ ಮೊದಲೇ ಬದಲಿಸಿಕೊಟ್ಟಿದ್ದಾರೆ, ಆ ಬಗ್ಗೆ ಆತಂಕವಿಲ್ಲ.

ಹೇಳಿದಂತೆ ಅಳೆದೆ. ಯಂತ್ರ ತಣ್ಣಗಿದ್ದಾಗ ಆರೂ ತಂತಿಗಳಲ್ಲಿ ವ್ಯತ್ಯಾಸ ನಾಲ್ಕೂವರೆ ಸೆಂಟ್‌ನ ಆಸುಪಾಸಿನಲ್ಲಿತ್ತು. ಅರ್ಧ ಗಂಟೆಯ ಬಳಿಕ ಎಲ್ಲವೂ 4ಕ್ಕೆ ಇಳಿದು ಅಲ್ಲಿಯೇ ನಿಂತವು, ಇನ್ನೊಂದು ಗಂಟೆ ಕಳೆದರೂ ಬದಲಾಗಲಿಲ್ಲ. ಮೆಲ್ಲಗೆ ಮೀಟಿದರೂ ಫಲಿತಾಂಶ ಅದೇ. ಐದನೆಯ ತಂತಿಯಲ್ಲಿ 440ರ ಸಾಲನ್ನು ನೋಡಿದಾಗ ಪಟ್ಟೆಗಳು ಸೆಕೆಂಡಿಗೆ ಒಂದು ಸ್ಥಾನದಂತೆ ಬಲಕ್ಕೆ ಸರಿಯುತ್ತಿದ್ದವು. ಹಾಗಾದರೆ ಆಧಾರಸ್ವರವೇ ಜಾರಿದೆ ಎಂದಾಯಿತಲ್ಲ? ಸ್ಟ್ರೋಬ್ ಯಂತ್ರವನ್ನು ಯಾವುದಕ್ಕೆ ಹೋಲಿಸಿ ಸರಿಪಡಿಸಬೇಕು?

ಶ್ರುತಿಕವೆ:

ಸೆಕೆಂಡಿಗೆ ಒಂದು ಸ್ಥಾನ ಎಂದು ನೀವು ಬರೆದದ್ದನ್ನು ಓದಿದೊಡನೆ ನನಗೆ ಬೇರೆಯದೇ ಅನುಮಾನ ಬಂದಿದೆ. ಅದು ಸರಿಯಾಗಿ 1 ಹರ್ಟ್ಸ್. 440 ಮತ್ತು 441ರ ನಡುವಿನ ಅಂತರ 3.93 ಸೆಂಟ್. ಹೀಗೆ ಅಚ್ಚುಕಟ್ಟಾದ ಒಂದು ಹರ್ಟ್ಸ್ ವ್ಯತ್ಯಾಸವನ್ನು ಹಳೆಯ ಬಿಡಿಭಾಗಗಳ ಜಾರುವಿಕೆ ತಂದಿರುವುದು ಅಪರೂಪ. ಮುಳ್ಳಿನ ಟ್ಯೂನರ್‌ನಲ್ಲಿ ಆಧಾರಸ್ವರವನ್ನು ಒಂದೊಂದು ಹರ್ಟ್ಸ್‌ನಂತೆ ಬದಲಿಸುವ ಗುಂಡಿ ಇದೆಯೇ ನೋಡಿ. ತಂಡದ ಇತರ ವಾದ್ಯಗಳಿಗೆ ಹೊಂದಿಕೊಳ್ಳಲೆಂದು ಅನೇಕ ಟ್ಯೂನರ್‌ಗಳಲ್ಲಿ ಆ ವ್ಯವಸ್ಥೆ ಇರುತ್ತದೆ. ಎ ಸ್ವರಕ್ಕೆ 440 ಎಂಬುದು 1939ರ ಲಂಡನ್ ಸಮ್ಮೇಳನದಲ್ಲಿ ಒಪ್ಪಿಕೊಂಡು, 1955ರಲ್ಲಿ ಅಂತರರಾಷ್ಟ್ರೀಯ ಮಾನಕ ಸಂಸ್ಥೆಯಾದ ಐಎಸ್‌ಒದ ಮಾನಕವಾದದ್ದು. ಅದಕ್ಕೂ ಮುನ್ನ ಫ್ರಾನ್ಸ್‌ನಲ್ಲಿ 1859ರಿಂದ 435 ಇತ್ತು. ಮಾನಕ ಬಂದ ಮೇಲೂ ಕೆಲವು ವಾದ್ಯವೃಂದಗಳು 442 ಅಥವಾ 443ಕ್ಕೆ ಶ್ರುತಿ ಮಾಡಿಕೊಳ್ಳುವುದನ್ನು ಬಿಟ್ಟಿಲ್ಲ.

ಪರೀಕ್ಷೆಗೆ ಒಳ್ಳೆಯ ಉಕ್ಕಿನ ಶ್ರುತಿಕವೆ ಇದ್ದರೆ ಸಾಕು. ಉಷ್ಣತೆ ಒಂದು ಡಿಗ್ರಿ ಏರಿದರೆ ಅದು ಸೆಂಟ್‌ನ ಐದನೆಯ ಒಂದು ಭಾಗದಷ್ಟು ಮಾತ್ರ ಇಳಿಯುತ್ತದೆ, ಅಂಗೈಯಲ್ಲಿ ಬಹಳ ಹೊತ್ತು ಹಿಡಿದುಕೊಳ್ಳಬೇಡಿ ಅಷ್ಟೆ. ನಿಮ್ಮ ಟ್ಯೂನರ್‌ಗೆ ಎ ಸ್ವರವನ್ನು ನುಡಿಸುವ ಪುಟ್ಟ ಸ್ಪೀಕರ್ ಇದ್ದರೆ ಅದನ್ನೂ ಕವೆಯನ್ನೂ ಒಟ್ಟಿಗೆ ಕೇಳಿ. ನಾದ ಸೆಕೆಂಡಿಗೆ ಒಮ್ಮೆ ಉಬ್ಬಿ ಇಳಿದರೆ ವ್ಯತ್ಯಾಸ 1 ಹರ್ಟ್ಸ್. ಅಲೆ ಎಷ್ಟೆಂಬುದು ಗೊತ್ತಾದರೂ ಯಾವುದು ಮೇಲೆ, ಯಾವುದು ಕೆಳಗೆ ಎಂಬುದು ಅದರಿಂದ ಗೊತ್ತಾಗುವುದಿಲ್ಲ. ಅದಕ್ಕೆ ಕವೆಯ ಒಂದು ತೋಳಿಗೆ ಸಾಸಿವೆಯಷ್ಟು ಮೇಣ ಮೆತ್ತಿ. ಕವೆಯ ಸ್ವರ ತುಸು ಇಳಿಯುತ್ತದೆ. ಅಲೆಗಳು ಆಗ ಹೆಚ್ಚಿದರೆ ಟ್ಯೂನರ್‌ನ ಸ್ವರವೇ ಮೇಲಿನದು.

ಪಿಯಾನೊಪೆಟ್ಟಿಗೆ:

ಶಾರ್ಟ್‌ವೇವ್ ರೇಡಿಯೊ ಇದ್ದವರಿಗೆ ಇನ್ನೊಂದು ದಾರಿಯೂ ಇದೆ. ಅಮೆರಿಕದ ಕಾಲಸಂಕೇತ ಕೇಂದ್ರವಾದ ಡಬ್ಲ್ಯುಡಬ್ಲ್ಯುವಿ, ದಿನದ ಮೊದಲ ಗಂಟೆಯೊಂದನ್ನು ಬಿಟ್ಟು, ಪ್ರತಿ ಗಂಟೆಯ 2ನೇ ನಿಮಿಷದಲ್ಲಿ 440 ಹರ್ಟ್ಸ್ ಸ್ವರವನ್ನು ಬಿತ್ತರಿಸುತ್ತದೆ. ಹಿಂದೆ ಶ್ರುತಿ ಉಪಕರಣಗಳನ್ನು ಪರೀಕ್ಷಿಸಲು ಸಂಗೀತದವರಿಗೂ ದುರಸ್ತಿಯವರಿಗೂ ಸುಲಭವಾಗಿ ಸಿಗುತ್ತಿದ್ದ ನಂಬಿಕೆಯ ಆಧಾರಗಳಲ್ಲಿ ಅದೂ ಒಂದು.

ನೇರನುಡಿ:

ನನ್ನ ಹಿಂದಿನ ಮಾತಿಗೆ ಶ್ರುತಿಕವೆಯವರು ಕೊಟ್ಟ ಉತ್ತರವನ್ನು ಎರಡು ಸಲ ಓದಿದೆ. ಕಿಂಡಿಗಳಲ್ಲಿ ಮೇಲುಸ್ವರಗಳು ಬೇರೆಬೇರೆಯಾಗಿ ಕಾಣುವ ವಿಷಯ ನನಗೆ ಗೊತ್ತಿರಲಿಲ್ಲ. ಅದು ಬೆಲೆಯುಳ್ಳದ್ದೆಂದು ಒಪ್ಪುತ್ತೇನೆ. ಆದರೂ ಸ್ಟ್ರೋಬ್ ಮಾದರಿಯ ಚಿತ್ರವನ್ನು ಇಂದಿನ ಫೋನ್‌ಗಳೂ ಪರದೆಯ ಮೇಲೆ ಬಿಡಿಸುತ್ತವೆ. ಆ ಚಿತ್ರಕ್ಕೂ ತಿರುಗುವ ತಟ್ಟೆಗೂ ನಿಜವಾಗಿ ಭೇದವಿದೆಯೇ?

ಬೆಸುಗೆಕಡ್ಡಿ:

ಚೆನ್ನಾಗಿ ಬರೆದ ಸಾಫ್ಟ್‌ವೇರ್ ಆದರೆ ಅಳತೆಯಲ್ಲಿ ಭೇದವಿಲ್ಲ, ಅದು ಪ್ರಾಮಾಣಿಕವಾದ ಉತ್ತರ. ಆದರೆ ಸಾಧಾರಣ ಡಿಜಿಟಲ್ ಟ್ಯೂನರ್ ಮೊದಲು ಸ್ವರವನ್ನು ಅಳೆದು, ಸರಾಸರಿ ತೆಗೆದು, ಒಂದು ತೀರ್ಮಾನಕ್ಕೆ ಬಂದು, ಆ ತೀರ್ಮಾನವನ್ನು ತೋರಿಸುತ್ತದೆ. ಅಳೆಯುವುದೂ ಸುಲಭದ ಕೆಲಸವಲ್ಲ. ಗಿಟಾರಿನ ಆರನೆಯ ತಂತಿಯ 82.41 ಹರ್ಟ್ಸ್ ಸ್ವರದ ಕಂಪನಗಳನ್ನು ಒಂದು ಸೆಕೆಂಡ್ ಎಣಿಸಿದರೆ ಒಂದು ಎಣಿಕೆಯ ತಪ್ಪೇ 21 ಸೆಂಟ್‌ನಷ್ಟಾಗುತ್ತದೆ. ಆದ್ದರಿಂದ ಒಂದು ಕಂಪನದ ಕಾಲವನ್ನು, ಅಂದರೆ 12.13 ಮಿಲಿಸೆಕೆಂಡನ್ನು, ವೇಗದ ಗಡಿಯಾರದಿಂದ ಅಳೆಯಬೇಕು. ಮೇಲುಸ್ವರ ಮೂಲಸ್ವರಕ್ಕಿಂತ ಗಟ್ಟಿಯಾಗಿದ್ದರೆ ಕಂಪನ ಎಲ್ಲಿ ಮೊದಲಾಯಿತು ಎಂಬುದರಲ್ಲೇ ಮಂಡಲ ಎಡವುತ್ತದೆ. ಹಳೆಯ ಮುಳ್ಳಿನ ಟ್ಯೂನರ್‌ಗಳು ದಪ್ಪ ತಂತಿಗೆ ತಡಬಡಾಯಿಸುವುದು ಈ ಕಾರಣಕ್ಕೆ. ಆಗ ಹನ್ನೆರಡನೆಯ ಮೆಟ್ಟಿನ ಮೇಲೆ ಬೆರಳನ್ನು ಹಗುರಾಗಿ ತಾಗಿಸಿ ಮೀಟಿದರೆ ಮುಳ್ಳು ಶಾಂತವಾಗುತ್ತದೆ.

ತಟ್ಟೆ ಯಾವ ತೀರ್ಮಾನವನ್ನೂ ಮಾಡುವುದಿಲ್ಲ. ದೀಪ ಮಿನುಗುತ್ತದೆ, ತಟ್ಟೆ ತಿರುಗುತ್ತದೆ, ಉಳಿದದ್ದನ್ನು ನೋಡುವವರ ಕಣ್ಣು ನಿರ್ಧರಿಸುತ್ತದೆ. ಅದಕ್ಕಾಗಿಯೇ ನಾನು ಅದನ್ನು ಬಿಡಲಾರೆ.

ಆರುತಂತಿ:

ಫಲಿತಾಂಶ ತಿಳಿಸುತ್ತಿದ್ದೇನೆ. ಮುಳ್ಳಿನ ಟ್ಯೂನರ್‌ನ ಪಕ್ಕದಲ್ಲಿ ಆಧಾರಸ್ವರದ ಗುಂಡಿ ಇದೆ, ಅದರ ಗೆರೆ 440ನ್ನೇ ತೋರಿಸುತ್ತಿತ್ತು. ಆದ್ದರಿಂದ ಅದರ ಮೇಲೆ ನನಗೆ ಸಂಶಯವೇ ಬಂದಿರಲಿಲ್ಲ. ಕವೆಯ ಜೊತೆ ಸ್ಪೀಕರಿನ ಎ ಸ್ವರವನ್ನು ಕೇಳಿದಾಗ ಮೂವತ್ತು ಸೆಕೆಂಡಿನಲ್ಲಿ ಮೂವತ್ತು ಅಲೆಗಳನ್ನು ಎಣಿಸಿದೆ. ಮೇಣ ಮೆತ್ತಿದ ಮೇಲೆ ಅಲೆಗಳು ಸ್ಪಷ್ಟವಾಗಿ ಹೆಚ್ಚಿದವು. ಗುಂಡಿಯನ್ನು ಕೊನೆಯವರೆಗೆ ತಿರುಗಿಸಿ ಅದು ಎಲ್ಲಿ ತಡೆಯುತ್ತದೆ ಎಂದು ನೋಡಿದರೆ, ಒಂದು ತುದಿಯಲ್ಲಿ ಗೆರೆ ಮೊದಲ ಅಂಕಿಯನ್ನು ದಾಟಿ ಹೋಯಿತು, ಇನ್ನೊಂದು ತುದಿಯಲ್ಲಿ ಕೊನೆಯ ಅಂಕಿಯವರೆಗೆ ತಲುಪದೆ ನಿಂತಿತು. ಹಿಂದೆ ಯಾರೋ ಸ್ವಚ್ಛಮಾಡಲು ಬಿಚ್ಚಿದವರು ಗುಂಡಿಯನ್ನು ಒಂದು ಮೆಟ್ಟಿಲು ತಪ್ಪಿಸಿ ಕೂರಿಸಿದ್ದಾರೆ. ನಾನು ಇಷ್ಟು ದಿನ 441ಕ್ಕೆ ಶ್ರುತಿ ಮಾಡುತ್ತಿದ್ದೆ.

ಗುಂಡಿಯನ್ನು ಎಳೆದು ಸರಿಯಾದ ಸ್ಥಾನದಲ್ಲಿ ಕೂರಿಸಿದೆ. ಈಗ ಮುಳ್ಳು ನಡುಗೆರೆಯ ಮೇಲೆ ನಿಂತಾಗ, ಬೆಚ್ಚಗಾದ ಸ್ಟ್ರೋಬ್ ತಟ್ಟೆಯ ಪಟ್ಟೆಗಳೂ ಎಲ್ಲ ತಂತಿಗಳಿಗೂ ಹೆಚ್ಚುಕಡಿಮೆ ನಿಲ್ಲುತ್ತವೆ. ಆರನೆಯ ತಂತಿಯಲ್ಲಿ ಮಾತ್ರ ತೀರಾ ಹೊರಗಿನ ಸಾಲು ಬಹಳ ನಿಧಾನವಾಗಿ ಬಲಕ್ಕೆ ಸರಿಯುತ್ತದೆ. ಪಿಯಾನೊಪೆಟ್ಟಿಗೆಯವರು ಹೇಳಿದ ತಂತಿಯ ಬಿರುಸು ಅದೇ ಇರಬೇಕೆಂದು ತಿಳಿದಿದ್ದೇನೆ. ವಯಸ್ಸಿನ ಕಾರಣಕ್ಕೆ ಸ್ಟ್ರೋಬ್ ಯಂತ್ರದ ಮೇಲೆ ತಪ್ಪು ಹೊರಿಸಿ ಅದರ ತಿರುಪನ್ನು ತಿರುಗಿಸಿದ್ದರೆ, ಸರಿಯಿದ್ದ ಯಂತ್ರವನ್ನು ತಪ್ಪಿರುವುದಕ್ಕೆ ಹೊಂದಿಸಿ ಕೆಡಿಸಿಬಿಡುತ್ತಿದ್ದೆ. ತಡೆದದ್ದಕ್ಕೆ ಬೆಸುಗೆಕಡ್ಡಿಯವರಿಗೆ ವಿಶೇಷ ಕೃತಜ್ಞತೆಗಳು.

ಪಿಯಾನೊಪೆಟ್ಟಿಗೆ:

ಹೌದು, ಅದು ಬಿರುಸೇ. ತಂತಿ ಹಳೆಯದಾಗಿ ಅದರ ಸುತ್ತಿನಲ್ಲಿ ಕೊಳೆ ಸೇರಿದ್ದರೂ ಹೊರಸಾಲುಗಳು ಹೊಂದದೆ ಅಲುಗಾಡುತ್ತವೆ. ಹೊಸ ತಂತಿ ಹಾಕಿ ಒಂದೆರಡು ದಿನ ಎಳೆದು ನಿಂತ ಮೇಲೆ ಮತ್ತೊಮ್ಮೆ ನೋಡಿ. ಸರಿಯುವ ವೇಗ ಕಡಿಮೆಯಾದರೆ ಕಾರಣದಲ್ಲಿ ಕೊಳೆಯ ಪಾಲೂ ಇತ್ತೆಂದು ತಿಳಿಯಬಹುದು. ಆ ಅಳತೆಯನ್ನೂ ಇಲ್ಲಿ ಬರೆಯಿರಿ.